ಹದಿನಾರು ಮೆಟ್ಟಿಲು ಹತ್ತಿದವರ ದ್ವೀಪ

ಮಾರಿಷಸ್‌ಗೆ ಹೋಗ್ತಿದೀನಿ, ಒಂದು ವಾರ ರಜೆ ಬೇಕು ಅಂತ ಅರ್ಜಿ ಹಾಕಿದಾಗ ನ್ಯೂಸ್‌ರೂಮಿನಲ್ಲಿ ಎಲ್ಲರ ಬಾಯಲ್ಲೂ ಒಂದೇ ಪ್ರಶ್ನೆ. 'ಏನ್ ಸರ್, ಎರಡನೇ ಹನಿಮೂನಾ?' ತಪ್ಪೇನಿಲ್ಲ ಬಿಡಿ. ಮಾರಿಷಸ್ ಅಂದ್ರೆ ನಮ್ಮ ತಲೆಯಲ್ಲಿ ಮೂಡೋ ಚಿತ್ರವೇ ಅದು. ನೀಲಿ ನೀರು, ಬಿಳಿ ಮರಳು, ತೆಂಗಿನಮರ, ಎರಡು ಕುರ್ಚಿ, ಒಂದು ಎಳನೀರು. ನಾನೂ ಅದೇ ಚಿತ್ರ ತಲೆಯಲ್ಲಿಟ್ಟುಕೊಂಡೇ ವಿಮಾನ ಹತ್ತಿದ್ದು. ಐದು ದಿನ ಸಮುದ್ರದ ದಂಡೆಯಲ್ಲಿ ಕೂತು, ಫೋನ್ ಸ್ವಿಚ್ ಆಫ್ ಮಾಡಿ, ಯಾವ ಬ್ರೇಕಿಂಗ್ ನ್ಯೂಸೂ ಇಲ್ಲದೆ ಇದ್ದು ಬರೋಣ ಅಂತ.

ಆದ್ರೆ ಎರಡನೇ ದಿನ ಒಂದು ತಿಂಡಿ ನನ್ನ ಪ್ಲಾನೆಲ್ಲ ಕೆಡಿಸಿಬಿಡ್ತು.

ಅದಕ್ಕೂ ಮುಂಚೆ ಆ ನೀಲಿ ನೀರಿನ ಬಗ್ಗೆ ಎರಡು ಮಾತು ಹೇಳಲೇಬೇಕು. ಇಂಜಿನಿಯರಿಂಗ್ ಓದಿ ಮೈಕ್ ಹಿಡಿದವನು ನಾನು. ಏನಾದ್ರೂ ಚೆನ್ನಾಗಿ ಕಂಡ್ರೆ, ಅದು ಹೇಗೆ ಕೆಲಸ ಮಾಡುತ್ತೆ ಅಂತ ಕೇಳೋ ಚಾಳಿ ಇನ್ನೂ ಹೋಗಿಲ್ಲ. ಮಾರಿಷಸ್ ಹುಟ್ಟಿದ್ದು ಜ್ವಾಲಾಮುಖಿಯಿಂದ. ಸಮುದ್ರದ ತಳದಿಂದ ಉಕ್ಕಿ ಬಂದ ಲಾವಾ ತಣ್ಣಗಾಗಿ ನಿಂತ ಕಪ್ಪು ಕಲ್ಲಿನ ದ್ವೀಪ ಅದು. ವಿಸ್ತೀರ್ಣ ಸುಮಾರು 2,040 ಚದರ ಕಿಲೋಮೀಟರ್. ನಮ್ಮ ಬೆಂಗಳೂರು ನಗರ ಜಿಲ್ಲೆಗೆ ಹತ್ತಿರ ಹತ್ತಿರ. ಈ ದ್ವೀಪದ ಸುತ್ತ, ದಡದಿಂದ ಸ್ವಲ್ಪ ದೂರದಲ್ಲಿ ಹವಳದ ದಿಬ್ಬ ಒಂದು ಪೌಳಿಯ ಹಾಗೆ ಬೆಳೆದು ನಿಂತಿದೆ. ಹಿಂದೂ ಮಹಾಸಾಗರದ ದೊಡ್ಡ ಅಲೆಗಳೆಲ್ಲ ಬಂದು ಆ ಪೌಳಿಗೆ ಬಡಿದು ಅಲ್ಲೇ ಒಡೆದುಹೋಗ್ತವೆ. ಒಳಗಡೆ ಉಳಿಯೋದು ಕೆರೆಯಂಥ ಶಾಂತ ನೀರು. ಆಳ ಕಡಿಮೆ, ತಳದಲ್ಲಿ ಹವಳ ಪುಡಿಯಾಗಿ ಆದ ಬಿಳಿ ಮರಳು. ಬಿಸಿಲು ಆ ಮರಳಿಗೆ ಬಡಿದು ವಾಪಸ್ ಬರುವಾಗ ನೀರಿಗೆ ಆ ಹಸಿರು ಬೆರೆತ ನೀಲಿ ಬಣ್ಣ. ದಕ್ಷಿಣದಲ್ಲಿ ಗ್ರಿ ಗ್ರಿ ಅಂತ ಒಂದು ಜಾಗ ಇದೆ. ಅಲ್ಲಿ ಹವಳದ ಪೌಳಿ ಇಲ್ಲ. ಅಲ್ಲಿ ನಿಂತು ನೋಡಿದ್ರೆ ಗೊತ್ತಾಗುತ್ತೆ, ಅದೇ ಸಮುದ್ರ ಎಷ್ಟು ಸಿಟ್ಟಿನದು ಅಂತ. ಕಪ್ಪು ಬಂಡೆಗೆ ಅಲೆ ಬಂದು ಅಪ್ಪಳಿಸೋ ಸದ್ದಿಗೆ ಪಕ್ಕದಲ್ಲಿ ನಿಂತವರ ಮಾತೂ ಕೇಳಿಸಲ್ಲ.

ಈಗ ತಿಂಡಿಗೆ ಬರ್ತೀನಿ.

ಮಾಹೆಬರ್ಗ್ ಅಂತ ಆಗ್ನೇಯ ದಿಕ್ಕಿನಲ್ಲಿ ಒಂದು ಹಳೇ ಊರು. ಸೋಮವಾರ ಅಲ್ಲಿ ದೊಡ್ಡ ಸಂತೆ. ನಮ್ಮ ಯಾವುದೇ ತಾಲ್ಲೂಕಿನ ಸಂತೆಯ ಹಾಗೇ. ಸೊಪ್ಪು, ಬದನೆಕಾಯಿ, ಹಾಗಲಕಾಯಿ, ಬೆಂಡೆಕಾಯಿ, ಜೊತೆಗೆ ಅನಾನಸ್ಸು, ಲಿಚಿ. ಒಂದು ಮೂಲೆಯಲ್ಲಿ ಗಾಜಿನ ಪೆಟ್ಟಿಗೆ ಇಟ್ಟುಕೊಂಡು ಒಬ್ಬ ವಯಸ್ಸಾದ ಹೆಂಗಸು ಏನೋ ಮಾರ್ತಿದ್ರು. ಮುಂದೆ ಉದ್ದ ಕ್ಯೂ. ಎಲ್ಲಿ ಕ್ಯೂ ಇರುತ್ತೋ ಅಲ್ಲಿ ರುಚಿ ಇರುತ್ತೆ ಅನ್ನೋದು ನಮ್ಮ ದರ್ಶಿನಿ ನ್ಯಾಯ. ನಾನೂ ನಿಂತೆ.

ಕೈಗೆ ಬಂದಿದ್ದು ಮೆತ್ತಗಿನ, ತೆಳ್ಳಗಿನ, ಅರಿಶಿನ ಬಣ್ಣದ ಎರಡು ರೊಟ್ಟಿ. ಮಧ್ಯೆ ದಪ್ಪ ಅವರೆಯಂಥ ಕಾಳಿನ ಗೊಜ್ಜು, ಟೊಮೇಟೊ ಸಾರು, ಕೊತ್ತಂಬರಿ ಚಟ್ನಿ, ಮೇಲೊಂದಿಷ್ಟು ಹಸಿಮೆಣಸಿನಕಾಯಿ ಖಾರ. ಎಲ್ಲ ಸುತ್ತಿ ಪೇಪರಿನಲ್ಲಿ ಕೊಟ್ಟರು. ಒಂದು ತುತ್ತು ತಿಂದೆ. ಪಕ್ಕದಲ್ಲಿದ್ದ ಹೆಂಡತಿ ಕಡೆ ನೋಡಿದೆ. ಆಕೆ ಅಷ್ಟರಲ್ಲೇ ಹೇಳಿಬಿಟ್ಟಳು, 'ರೀ, ಇದು ಬೆಲ್ಲ ಹಾಕದ ಹೋಳಿಗೆ ಅಲ್ವಾ?'

ಹೌದು. ಬೇಯಿಸಿ ರುಬ್ಬಿದ ಬೇಳೆಯ ಹೂರಣ, ಕಣಕದೊಳಗೆ ತುಂಬಿ, ತೆಳ್ಳಗೆ ಲಟ್ಟಿಸಿ, ಹಂಚಿನ ಮೇಲೆ ಬೇಯಿಸಿದ್ದು. ಬೆಲ್ಲದ ಬದಲು ಉಪ್ಪು, ಜೀರಿಗೆ. ಅಲ್ಲಿ ಅದಕ್ಕೆ ದಾಲ್ ಪುರಿ ಅಂತಾರೆ. ಮಾರಿಷಸ್‌ನ ರಾಷ್ಟ್ರೀಯ ತಿಂಡಿ ಅಂದ್ರೂ ತಪ್ಪಿಲ್ಲ. ಹಿಂದೂ, ಮುಸ್ಲಿಂ, ಕ್ರಿಶ್ಚಿಯನ್, ಚೀನೀ ಮೂಲದವರು, ಆಫ್ರಿಕಾ ಮೂಲದವರು ಎಲ್ಲರೂ ತಿನ್ನೋದು ಅದನ್ನೇ. ಕೊಡೋದು ಯಾವಾಗಲೂ ಜೋಡಿ ಲೆಕ್ಕದಲ್ಲಿ. ಪಕ್ಕದ ಗಾಡಿಯಲ್ಲಿ ಗಾತೋ ಪಿಮಾ ಅಂತ ಇತ್ತು. ಹೆಸರು ಫ್ರೆಂಚ್, ವಸ್ತು ನಮ್ಮ ಮಸಾಲೆ ವಡೆ. ಅದನ್ನ ಬೆಣ್ಣೆ ಹಚ್ಚಿದ ಬನ್ನಿನೊಳಗೆ ಇಟ್ಟು ಬೆಳಗಿನ ತಿಂಡಿಗೆ ತಿಂತಾರೆ. ಚಟ್ನಿಗೆ ಸಾತಿನಿ, ಪರಾಠಾಗೆ ಫರಾತಾ, ಫಲೂದಾಗೆ ಅಲೂದಾ. ನಮ್ಮ ಪದಗಳೇ, ಸಮುದ್ರ ದಾಟುವಾಗ ಸ್ವಲ್ಪ ನೆನೆದುಹೋದ ಹಾಗೆ.

ಆ ಹೆಂಗಸು ನನ್ನ ಮುಖ ನೋಡಿ ಕೇಳಿದ್ರು, 'ಇಂಡಿಯಾನಾ? ಯಾವ ಊರು?' ನಾನು ಬೆಂಗಳೂರು ಅಂದೆ. ತಿರುಗಿ ನಾನೂ ಕೇಳಿದೆ, 'ಅಮ್ಮಾ, ನಿಮ್ಮ ಹಿರಿಯರದು ಯಾವ ಊರು?' ಅವರು ಲಟ್ಟಣಿಗೆ ಕೆಳಗಿಟ್ಟು ಒಂದು ಕ್ಷಣ ಸುಮ್ಮನಾದ್ರು. ಆಮೇಲೆ ಹರಕು ಇಂಗ್ಲಿಷಿನಲ್ಲಿ ಹೇಳಿದ್ರು. 'ಊರು ಗೊತ್ತಿಲ್ಲಪ್ಪ. ಅಜ್ಜನ ಅಪ್ಪ ಬಂದಿದ್ದು. ಅವರ ನಂಬರ್ ಗೊತ್ತು. ಮಗ ಆಫೀಸಿಗೆ ಹೋಗಿ ಕಾಗದ ತೆಗೆಸಿಕೊಂಡು ಬಂದಿದಾನೆ.'

ನಂಬರ್. ಊರಿನ ಹೆಸರು ಮರೆತುಹೋಗಿದೆ, ನಂಬರ್ ಮಾತ್ರ ಉಳಿದಿದೆ. ವೀಕ್ಷಕರೇ, ನನ್ನ ರಜೆ ಮುಗಿದಿದ್ದು ಅಲ್ಲಿಗೆ. ಮರುದಿನದಿಂದ ನಾನು ಬೀಚಿಗೆ ಹೋಗಲಿಲ್ಲ. ಆ ನಂಬರಿನ ಹಿಂದೆ ಬಿದ್ದೆ.

ಕಥೆ ಶುರುವಿನಿಂದ ಹೇಳ್ತೀನಿ. ಮಾರಿಷಸ್‌ನಲ್ಲಿ ಮೂಲನಿವಾಸಿಗಳು ಅಂತ ಯಾರೂ ಇರಲಿಲ್ಲ. ಇವತ್ತು ಅಲ್ಲಿರೋ ಪ್ರತಿಯೊಬ್ಬರ ಹಿರಿಯರೂ ಎಲ್ಲಿಂದಲೋ ಹಡಗಿನಲ್ಲಿ ಬಂದವರೇ. ಪ್ರಶ್ನೆ ಒಂದೇ. ಯಾರು ಹಡಗಿನ ಮೇಲಿನ ಅಂತಸ್ತಿನಲ್ಲಿ ಬಂದರು, ಯಾರು ಕೆಳಗಿನ ಕತ್ತಲಲ್ಲಿ ಬಂದರು? 1598ರಲ್ಲಿ ಡಚ್ಚರು ಬಂದಿಳಿದರು. ತಮ್ಮ ರಾಜಕುಮಾರ ಮಾರಿಸ್‌ನ ಹೆಸರಿಟ್ಟರು. ಡೋಡೋ ಅನ್ನೋ ಹಾರಲಾರದ ಹಕ್ಕಿ ಅಲ್ಲಿತ್ತು. ಮನುಷ್ಯರನ್ನ ಕಂಡು ಗೊತ್ತಿಲ್ಲದ ಹಕ್ಕಿ, ಓಡಿಹೋಗೋದನ್ನೂ ಕಲಿತಿರಲಿಲ್ಲ. ಡಚ್ಚರು, ಅವರ ಜೊತೆ ಹಡಗಿನಲ್ಲಿ ಬಂದ ಇಲಿ, ಹಂದಿ, ಕೋತಿ ಎಲ್ಲ ಸೇರಿ ನೂರು ವರ್ಷದೊಳಗೆ ಅದರ ಕಥೆ ಮುಗಿಸಿದವು. 1710ರಲ್ಲಿ ಡಚ್ಚರು ಗಂಟುಮೂಟೆ ಕಟ್ಟಿದರು. 1715ರಲ್ಲಿ ಫ್ರೆಂಚರು ಬಂದು ಅದಕ್ಕೆ ಇಲ್ ದ ಫ್ರಾನ್ಸ್ ಅಂತ ಹೊಸ ಹೆಸರಿಟ್ಟರು. 1735ರಲ್ಲಿ ಗವರ್ನರ್ ಆಗಿ ಬಂದ ಲಾ ಬೂರ್ಡೊನೆ ಪೋರ್ಟ್ ಲೂಯಿಸ್ ಬಂದರು ಕಟ್ಟಿಸಿದ. ಕಟ್ಟಿದ ಕೈಗಳು ಮಡಗಾಸ್ಕರ್ ಮತ್ತು ಮೊಜಾಂಬಿಕ್‌ನಿಂದ ಹಿಡಿದು ತಂದ ಗುಲಾಮರದು. ಪಾಂಡಿಚೇರಿಯಿಂದ ಕರೆತಂದ ಕುಶಲಕರ್ಮಿಗಳದ್ದೂ ಹೌದು.

ಇಲ್ಲಿ ಒಂದು ನಿಮಿಷ ನಿಲ್ಲಿ. ನಮ್ಮ ಮೈಸೂರಿನ ಕಥೆ ಈ ದ್ವೀಪಕ್ಕೆ ಬಂದು ತಾಗೋದು ಈ ಜಾಗದಲ್ಲೇ.

ಪೋರ್ಟ್ ಲೂಯಿಸ್ ಮಧ್ಯದಲ್ಲಿ ಶಾಂ ದ ಮಾರ್ಸ್ ಅಂತ ಒಂದು ಕುದುರೆ ರೇಸ್ ಮೈದಾನ ಇದೆ. 1812ರಿಂದ ಅಲ್ಲಿ ರೇಸ್ ನಡೀತಿದೆ. ಅಲ್ಲೇ ಒಂದು ಎತ್ತರದ ಕಲ್ಲಿನ ಕಂಬ. ಮಲಾರ್ತಿಕ್ ಅನ್ನೋ ಫ್ರೆಂಚ್ ಗವರ್ನರ್‌ನ ಸಮಾಧಿ. ಹೆಸರು ಓದಿದ ತಕ್ಷಣ ಎಲ್ಲೋ ಕೇಳಿದ್ದೀನಲ್ಲ ಅನ್ನಿಸ್ತು. ನೆನಪಾದಾಗ ಮೈ ಜುಮ್ ಅಂತು. 1798ರ ಜನವರಿಯಲ್ಲಿ ಟಿಪ್ಪು ಸುಲ್ತಾನನ ದೂತರು ಬಂದು ಇಳಿದಿದ್ದು ಇದೇ ಪೋರ್ಟ್ ಲೂಯಿಸ್‌ನಲ್ಲಿ. ಭೇಟಿಯಾಗಿದ್ದು ಇದೇ ಮಲಾರ್ತಿಕ್‌ನನ್ನ.

ಟಿಪ್ಪು ಬಗ್ಗೆ ನಮ್ಮಲ್ಲಿ ಚರ್ಚೆ, ಜಗಳ ಬೇಕಾದಷ್ಟಿದೆ. ಎಷ್ಟೋ ಸಂಜೆ ನಾನೇ ಅದರ ಮಧ್ಯೆ ಕೂತಿದ್ದೀನಿ. ಇವತ್ತು ಅದು ಬೇಡ. ಇವತ್ತು ಬರೀ ಒಂದು ಸುದ್ದಿಯ ಕಥೆ. ಹಿಂದಿನ ವರ್ಷ ಮಂಗಳೂರಿಗೆ ರಿಪೋ ಅನ್ನೋ ಒಬ್ಬ ಫ್ರೆಂಚ್ ಹಡಗಿನವನು ಬಂದಿದ್ದ. 'ನಮ್ಮ ದ್ವೀಪದಲ್ಲಿ ದೊಡ್ಡ ಸೈನ್ಯ ನಿಮಗೋಸ್ಕರ ಕಾಯ್ತಾ ಇದೆ' ಅಂತ ಟಿಪ್ಪುವನ್ನ ನಂಬಿಸಿದ. ಟಿಪ್ಪು ದೂತರನ್ನ ಗುಟ್ಟಾಗಿ ಕಳಿಸಿದ. ಇವರು ಹೋಗಿ ನೋಡಿದ್ರೆ ಅಲ್ಲಿ ಸೈನ್ಯವೇ ಇಲ್ಲ! ಮಲಾರ್ತಿಕ್ ಹತ್ತಿರ ಕೊಡೋಕೆ ಏನೂ ಇರಲಿಲ್ಲ. ಆದ್ರೆ ಆತ ಮಾಡಿದ ಕೆಲಸ ನೋಡಿ. ಗುಟ್ಟಾಗಿ ಇರಬೇಕಾದ ವಿಷಯವನ್ನ ಜನವರಿ 30ರಂದು ಒಂದು ಬಹಿರಂಗ ಪ್ರಕಟಣೆ ಮಾಡಿ ಊರಿಗೆಲ್ಲ ಸಾರಿಬಿಟ್ಟ. ಟಿಪ್ಪು ನಮ್ಮ ಜೊತೆ ಮೈತ್ರಿ ಬಯಸಿದ್ದಾನೆ, ಇಂಗ್ಲಿಷರನ್ನ ಭಾರತದಿಂದ ಓಡಿಸಬೇಕು ಅಂತಿದ್ದಾನೆ, ಹೋಗೋಕೆ ಇಷ್ಟ ಇರೋರು ಹೆಸರು ಕೊಡಿ! ಕೊನೆಗೆ ಮಂಗಳೂರಿಗೆ ಬಂದಿಳಿದವರು ಸುಮಾರು ನೂರು ಜನ ಅಷ್ಟೇ.

ಆ ಪ್ರಕಟಣೆಯ ಪ್ರತಿ ಸಮುದ್ರ ದಾಟಿತು. 1798ರ ಜೂನ್ 8ರಂದು ಕಲ್ಕತ್ತಾದ ಒಂದು ಪತ್ರಿಕೆಯಲ್ಲಿ ಅಚ್ಚಾಯಿತು. ಆಗಷ್ಟೇ ಗವರ್ನರ್ ಜನರಲ್ ಆಗಿ ಬಂದು ಕೂತಿದ್ದ ವೆಲ್ಲೆಸ್ಲಿಗೆ ಯುದ್ಧಕ್ಕೆ ಒಂದು ನೆಪ ಬೇಕಿತ್ತು. ಸಿಕ್ಕಿತು. ಮುಂದಿನ ವರ್ಷ ಮೇ 4ಕ್ಕೆ ಶ್ರೀರಂಗಪಟ್ಟಣ ಬಿತ್ತು. ನೂರು ಜನ ಸೈನಿಕರ ಸಹಾಯ, ಒಂದು ಪ್ರಕಟಣೆ, ಒಂದು ಪತ್ರಿಕೆಯ ಸುದ್ದಿ. ಸುದ್ದಿ ಓದೋದೇ ಕೆಲಸ ಆಗಿರೋ ನನಗೆ ಆ ಕಂಬದ ಮುಂದೆ ನಿಂತಾಗ ಏನೇನೋ ಅನ್ನಿಸ್ತು. ಸುದ್ದಿ ಹೊರಗೆ ಬಿಡೋನಿಗೆ ಅದರ ಬೆಲೆ ಗೊತ್ತಿರಲ್ಲ. ಬೆಲೆ ತೆರೋದು ಬೇರೆಯವರು.

ಇನ್ನೊಂದು ಮಾತು. ಮಲಾರ್ತಿಕ್ ಆಳ್ತಿದ್ದ ಈ ದ್ವೀಪಕ್ಕೆ ಫ್ರೆಂಚ್ ಕ್ರಾಂತಿಯ ಸ್ವಾತಂತ್ರ್ಯ, ಸಮಾನತೆ ಎಲ್ಲ ಘೋಷಣೆಯಾಗಿ ಬಂದಿತ್ತು. ಆದ್ರೆ 1794ರಲ್ಲಿ ಪ್ಯಾರಿಸ್ ಸರ್ಕಾರ ಗುಲಾಮಗಿರಿ ರದ್ದು ಮಾಡಿ ಆದೇಶ ಹೊರಡಿಸಿದಾಗ ಇಲ್ಲಿನ ತೋಟದ ಮಾಲೀಕರು ಏನು ಮಾಡಿದರು ಗೊತ್ತಾ? 1796ರಲ್ಲಿ ಆದೇಶ ಹೊತ್ತು ತಂದ ಪ್ರತಿನಿಧಿಗಳನ್ನ ಹಡಗಿಗೆ ಹತ್ತಿಸಿ ದ್ವೀಪದಿಂದ ಆಚೆ ಕಳಿಸಿದರು. ಘೋಷಣೆ ಬೇಕು, ಆದೇಶ ಬೇಡ. ಈ ರಾಜಕೀಯ ನಮಗೇನು ಹೊಸದಲ್ಲ.

1810ರ ಡಿಸೆಂಬರ್‌ನಲ್ಲಿ ಬ್ರಿಟಿಷರು ದ್ವೀಪವನ್ನ ಗೆದ್ದರು. ಆ ದಂಡಿನಲ್ಲಿ ಮದ್ರಾಸು, ಬಂಗಾಳದ ಸಿಪಾಯಿಗಳೂ ಇದ್ದರು. ಫ್ರೆಂಚ್ ಭಾಷೆ, ಕಾನೂನು, ಆಚಾರ ಉಳಿಸಿಕೊಳ್ಳೋಕೆ ಬಿಟ್ಟು ಬ್ರಿಟಿಷರು ಕಣ್ಣಿಟ್ಟಿದ್ದು ಒಂದೇ ವಸ್ತುವಿನ ಮೇಲೆ. ಸಕ್ಕರೆ. 1825ರಲ್ಲಿ ಮಾರಿಷಸ್ ಸಕ್ಕರೆಗೆ ಲಂಡನ್ನಿನಲ್ಲಿ ವೆಸ್ಟ್ ಇಂಡೀಸ್ ಸಕ್ಕರೆಗೆ ಇದ್ದಷ್ಟೇ ಸುಂಕ ಅಂತ ಮಾಡಿದರು. ಅಲ್ಲಿಂದ ದ್ವೀಪಕ್ಕೆ ದ್ವೀಪವೇ ಕಬ್ಬಿನ ಗದ್ದೆ. ಹತ್ತು ವರ್ಷದಲ್ಲಿ ಇನ್ನೊಂದು ಕಾನೂನು ಬಂತು. 1835ರ ಫೆಬ್ರವರಿ 1, ಮಾರಿಷಸ್‌ನಲ್ಲಿ ಗುಲಾಮಗಿರಿ ರದ್ದು. ಸುಮಾರು 20 ಲಕ್ಷ ಪೌಂಡ್ ಪರಿಹಾರ ಕೊಟ್ಟರು. ಯಾರಿಗೆ? ಗುಲಾಮರಿಗಲ್ಲ. ಗುಲಾಮರನ್ನ ಇಟ್ಟುಕೊಂಡಿದ್ದ ಮಾಲೀಕರಿಗೆ. ತಲೆಮಾರುಗಟ್ಟಲೆ ದುಡಿದವರಿಗೆ ಒಂದು ಪೈಸೆ ಇಲ್ಲ.

ಬಿಡುಗಡೆಯಾದವರು ಕಬ್ಬಿನ ಗದ್ದೆಗೆ ಬೆನ್ನು ಹಾಕಿ ನಡೆದರು. ಯಾರು ತಾನೇ ನಿಲ್ತಾರೆ? ಅದಕ್ಕೂ ಮುಂಚೆಯೇ ಮಾಲೀಕರ ಕಣ್ಣು ಭಾರತದ ಮೇಲೆ ಬಿದ್ದಿತ್ತು. ಅದಕ್ಕೆ ಬ್ರಿಟಿಷ್ ಸರ್ಕಾರ ಇಟ್ಟ ಹೆಸರು 'ಮಹಾ ಪ್ರಯೋಗ'. ಲ್ಯಾಬಿನಲ್ಲಿ ಮಾಡೋ ಪ್ರಯೋಗ ಅಲ್ಲ, ಮನುಷ್ಯರ ಮೇಲೆ ಮಾಡೋದು. ಗುಲಾಮ ಅನ್ನೋ ಪದ ಇಲ್ಲದೆ ಗುಲಾಮರಷ್ಟೇ ಅಗ್ಗವಾಗಿ ದುಡಿಸಿಕೊಳ್ಳೋಕೆ ಆಗುತ್ತಾ ಅನ್ನೋದೇ ಪ್ರಯೋಗದ ಪ್ರಶ್ನೆ.

1834ರ ನವೆಂಬರ್ 2. ಅಟ್ಲಾಸ್ ಅನ್ನೋ ಹಡಗು ಕಲ್ಕತ್ತಾದಿಂದ ಬಂದು ಪೋರ್ಟ್ ಲೂಯಿಸ್‌ನಲ್ಲಿ ಲಂಗರು ಹಾಕಿತು. ಅದರಿಂದ ಇಳಿದಿದ್ದು 36 ಜನ ಕೂಲಿಗಳು. ಐದು ವರ್ಷದ ಕರಾರು, ತಿಂಗಳಿಗೆ 5 ರೂಪಾಯಿ ಸಂಬಳ, ಜೊತೆಗೆ ಅಕ್ಕಿ, ಬೇಳೆ, ತುಪ್ಪ, ಉಪ್ಪು. ಆ ಕರಾರನ್ನ, ಅಂದ್ರೆ ಅಗ್ರಿಮೆಂಟನ್ನ, ಬಾಯಿಗೆ ಬಾರದೆ ಗಿರ್ಮಿಟ್ ಅಂದರು. ಕರಾರಿಗೆ ಹೆಬ್ಬೆಟ್ಟು ಒತ್ತಿದವರು ಗಿರ್ಮಿಟಿಯಾಗಳು. ನಮ್ಮ ಹುಬ್ಬಳ್ಳಿ, ಧಾರವಾಡದ ಕಡೆ ಗಿರ್ಮಿಟ್ ಅಂದ್ರೆ ಮಂಡಕ್ಕಿ ನೆನಪಾಗುತ್ತೆ. ಅಲ್ಲಿ ಆ ಪದ ಕೇಳಿದ್ರೆ ನೆನಪಾಗೋದು ಅಜ್ಜಂದಿರ ಬೆವರು. ಆ 36 ಜನರಿಂದ ಶುರುವಾಗಿ 1920ರ ತನಕ ಕಲ್ಕತ್ತಾ, ಮದ್ರಾಸು, ಬೊಂಬಾಯಿ ಬಂದರುಗಳಿಂದ ಬಂದವರು ಸುಮಾರು 5 ಲಕ್ಷ ಜನ. ಅದರಲ್ಲಿ ಕೆಲವರನ್ನ ಇಲ್ಲಿಂದ ಬೇರೆ ಬೇರೆ ವಸಾಹತುಗಳಿಗೂ ಸಾಗಿಸಿದರು. ಮಾರಿಷಸ್‌ನಲ್ಲಿ ಗೆದ್ದ 'ಪ್ರಯೋಗ' ಆಮೇಲೆ ಕೆರಿಬಿಯನ್, ದಕ್ಷಿಣ ಆಫ್ರಿಕಾ, ಫಿಜಿಗೆಲ್ಲ ಹರಡಿತು.

ಬರಗಾಲ, ಸಾಲ, ಹಸಿವು. ಮನೆ ಬಿಡೋಕೆ ಇಷ್ಟು ಸಾಕು. ಮೇಲೆ ದಲ್ಲಾಳಿಗಳ ಬಣ್ಣದ ಮಾತು. 'ಅಲ್ಲಿ ಕಲ್ಲು ಎತ್ತಿದರೆ ಕೆಳಗೆ ಚಿನ್ನ ಸಿಗುತ್ತೆ' ಅಂತ ಹೇಳಿ ಕರೆತಂದರು ಅನ್ನೋ ಮಾತು ಮಾರಿಷಸ್‌ನ ಮನೆಮನೆಯಲ್ಲೂ ಇವತ್ತಿಗೂ ಇದೆ. ಬಂದವರು ಕಲ್ಲು ಎತ್ತಿದ್ದು ನಿಜ. ಜ್ವಾಲಾಮುಖಿಯ ನೆಲ ಅಲ್ವಾ, ಗದ್ದೆ ತುಂಬ ಕಪ್ಪು ಬಂಡೆ. ಕಬ್ಬು ನೆಡಬೇಕು ಅಂದ್ರೆ ಮೊದಲು ಕಲ್ಲು ಆರಿಸಬೇಕು. ಇವತ್ತಿಗೂ ಕಾರಿನಲ್ಲಿ ಹೋಗ್ತಾ ನೋಡಿ, ಹಸಿರು ಕಬ್ಬಿನ ಗದ್ದೆಯ ಮಧ್ಯೆ ದೊಡ್ಡ ದೊಡ್ಡ ಕಲ್ಲುಗುಪ್ಪೆಗಳು ಕಾಣ್ತವೆ. ಪ್ರವಾಸಿಗರು ಯಾವುದೋ ಹಳೇ ಗುಡಿ ಇರಬೇಕು ಅಂದ್ಕೊಂಡು ಫೋಟೋ ತೆಗೀತಾರೆ. ನಾನೂ ತೆಗೆದಿದ್ದೆ. ಆಮೇಲೆ ಗೊತ್ತಾಯ್ತು, ಅದು ಬೆನ್ನು ಮುರಿದ ಲೆಕ್ಕ. ಚಿನ್ನ ಸಿಕ್ಕಿದ್ದು ಬೇರೆಯವರಿಗೆ.

ಕಾನೂನು ಹೇಗಿತ್ತು ಕೇಳಿ. ಒಂದು ದಿನ ಕೆಲಸಕ್ಕೆ ಬರಲಿಲ್ಲ ಅಂದ್ರೆ ಎರಡು ದಿನದ ಕೂಲಿ ಕಟ್. ಅದಕ್ಕೆ 'ಡಬಲ್ ಕಟ್' ಅಂತಾನೇ ಹೆಸರು. ಜ್ವರ ಬಂದು ಮಲಗಿದರೂ ಸಾಲ ಏರ್ತಾ ಹೋಗುತ್ತೆ. ಐದು ವರ್ಷ ಮುಗಿಸಿ ಸ್ವತಂತ್ರರಾದವರೂ ಫೋಟೋ ಅಂಟಿಸಿದ ಪಾಸ್ ಇಟ್ಟುಕೊಂಡೇ ಓಡಾಡಬೇಕು. ಪಾಸ್ ಇಲ್ಲದೆ ಸಿಕ್ಕಿದ್ರೆ ಅಲೆಮಾರಿ ಅಂತ ಜೈಲು. 1867ರಲ್ಲಿ ಈ ಕಾನೂನನ್ನ ಇನ್ನೂ ಬಿಗಿ ಮಾಡಿದರು. ಅದೇ ವರ್ಷ ಮಲೇರಿಯಾ ಬಂದು ಸಾವಿರಾರು ಜನ ಸತ್ತರು.

ನಾಲ್ಕನೇ ದಿನ ನಾನು ಹೋಗಿ ನಿಂತಿದ್ದು ಪೋರ್ಟ್ ಲೂಯಿಸ್ ಬಂದರಿನ ಪಕ್ಕ, ಆಪ್ರವಾಸಿ ಘಾಟ್ ಮುಂದೆ. ಮುಂಚೆ ಅದರ ಹೆಸರು ಕೂಲಿ ಘಾಟ್. 1849ರಲ್ಲಿ ಕಟ್ಟಿದ ವಲಸೆ ಡಿಪೋ. 2006ರಲ್ಲಿ ಯುನೆಸ್ಕೋ ವಿಶ್ವ ಪಾರಂಪರಿಕ ತಾಣ ಆಯ್ತು. ಹೆಸರು ದೊಡ್ಡದು, ಜಾಗ ಚಿಕ್ಕದು. 1,640 ಚದರ ಮೀಟರ್. ಅರ್ಧ ಎಕರೆಯೂ ಇಲ್ಲ. ಮೂಲ ಡಿಪೋದ ಒಂದು ದೊಡ್ಡ ಭಾಗವನ್ನ ಹೆದ್ದಾರಿ ನುಂಗಿದೆ. ಉಳಿದಿರೋದು ಕಾವಲುಗಾರನ ಕೋಣೆ, ಆಸ್ಪತ್ರೆಯ ಒಂದು ಭಾಗ, ಅಡುಗೆ ಮಾಡ್ತಿದ್ದ ಜಾಗ, ಸಾಲು ಪಾಯಿಖಾನೆ. ಮತ್ತೆ ಕಪ್ಪು ಕಲ್ಲಿನ ಹದಿನಾರು ಮೆಟ್ಟಿಲು.

ಹಡಗಿನಿಂದ ಇಳಿದು ದೋಣಿಯಲ್ಲಿ ದಡಕ್ಕೆ ಬಂದವರು ಮೊದಲು ಕಾಲಿಟ್ಟಿದ್ದು ಆ ಮೆಟ್ಟಿಲ ಮೇಲೆ. ಹತ್ತಿ ಮೇಲೆ ಬಂದ್ರೆ ವೈದ್ಯರ ತಪಾಸಣೆ, ಹೆಸರು ಬರೆಸೋದು, ನಂಬರ್. ಒಂದೆರಡು ದಿನದೊಳಗೆ ಯಾವ ಎಸ್ಟೇಟಿಗೆ ಅಂತ ಹಂಚಿಕೆ. ಹೆಸರು ಬರ್ಕೊಳ್ಳೋ ಗುಮಾಸ್ತನಿಗೆ ನಮ್ಮ ಭಾಷೆ ಬರಲ್ಲ. ಕಿವಿಗೆ ಬಿದ್ದ ಹಾಗೆ ಬರೆದ. ಜಗನ್ನಾಥ ಜಗ್ನೋತ್ ಆದ. ಶಿವಸಾಗರ ಸೀವುಸಾಗರ್ ಆದ. ಅಪ್ಪನ ಹೆಸರು ವಂಶದ ಹೆಸರಾಯ್ತು. ಊರು, ಜಾತಿ, ಹಳ್ಳಿ ಎಲ್ಲ ಒಂದು ಸಾಲಿನೊಳಗೆ ತುರುಕಿದ ದಪ್ಪ ದಪ್ಪ ರಿಜಿಸ್ಟರುಗಳು ಈಗ ಮೋಕಾದಲ್ಲಿರುವ ಮಹಾತ್ಮ ಗಾಂಧಿ ಸಂಸ್ಥೆಯಲ್ಲಿವೆ. ಸಂತೆಯ ಅಮ್ಮನ ಮಗ ಕಾಗದ ತೆಗೆಸಿದ್ದು ಅಂಥ ಕಡೆಯಿಂದಲೇ ಇರಬೇಕು. ಹಡಗಿನ ಹೆಸರು, ಬಂದ ದಿನ, ನಂಬರ್. ಆಮೇಲಿನ ಕಾಲದವರದ್ದಾದರೆ ಒಂದು ಫೋಟೋ.

ಆ ಮೆಟ್ಟಿಲನ್ನ ಎಣಿಸಿ ನೋಡಿದೆ. ಹದಿನಾರೇ. ಸಾಲಾಗಿ ಹತ್ತಿದ್ರೆ ಹತ್ತು ಸೆಕೆಂಡ್ ಸಾಕು. ಆದ್ರೆ ಒಮ್ಮೆ ಹತ್ತಿದವರಲ್ಲಿ ಎಷ್ಟೋ ಜನ ಜೀವಮಾನದಲ್ಲಿ ಮತ್ತೆ ಇಳಿಯಲಿಲ್ಲ.

ಹಾಗಂತ ಅವರು ಸುಮ್ಮನೆ ಬಿದ್ದಿರಲಿಲ್ಲ. 1871ರಲ್ಲಿ ಅಡಾಲ್ಫ್ ದ ಪ್ಲೆವಿಟ್ಜ್ ಅನ್ನೋ ಯುರೋಪಿಯನ್ ಮೂಲದ ವ್ಯಕ್ತಿಯ ನೆರವಿನಿಂದ ಕರಾರು ಮುಗಿಸಿದ ಕೂಲಿಗಳು ಒಂದು ಮನವಿ ಬರೆದರು. ಅದಕ್ಕೆ ಸಹಿ, ಹೆಬ್ಬೆಟ್ಟು ಹಾಕಿದವರು 9,401 ಜನ! ಇವತ್ತಿನ ಹಾಗೆ ಆನ್‌ಲೈನ್ ಅರ್ಜಿ ಅಲ್ಲ ಅದು. ಪಾಸ್ ಇಲ್ಲದೆ ಪಕ್ಕದ ಊರಿಗೂ ಹೋಗೋ ಹಾಗಿಲ್ಲದ ಜನ, ಒಬ್ಬೊಬ್ಬರಾಗಿ ಬಂದು ಒತ್ತಿದ ಹೆಬ್ಬೆಟ್ಟು. ಸಿಟ್ಟಾದ ತೋಟದ ಮಾಲೀಕರ ಕಡೆಯವರು ಪ್ಲೆವಿಟ್ಜ್‌ಗೆ ಬೀದಿಯಲ್ಲಿ ಹೊಡೆದರು. ಆದ್ರೆ ಮನವಿ ಲಂಡನ್ ಮುಟ್ಟಿತ್ತು. 1872ರಲ್ಲಿ ರಾಯಲ್ ಕಮಿಷನ್ ಬಂತು, ತನಿಖೆ ಆಯ್ತು, ನಿಧಾನಕ್ಕೆ ಕಾನೂನು ಸಡಿಲ ಆಯ್ತು.

1901ರಲ್ಲಿ ದಕ್ಷಿಣ ಆಫ್ರಿಕಾದಿಂದ ಭಾರತಕ್ಕೆ ಹೊರಟಿದ್ದ ಒಂದು ಹಡಗು ಪೋರ್ಟ್ ಲೂಯಿಸ್‌ನಲ್ಲಿ ಕೆಲ ದಿನ ನಿಂತಿತು. ಅದರಲ್ಲಿದ್ದ ಮೂವತ್ತೆರಡು ವರ್ಷದ ಬ್ಯಾರಿಸ್ಟರ್ ಇಳಿದು ಬಂದ. ಹೆಸರು ಮೋಹನದಾಸ ಗಾಂಧಿ. ಅಲ್ಲಿನ ಭಾರತೀಯರಿಗೆ ಅವರು ಹೇಳಿದ ಮಾತಿನ ಸಾರಾಂಶ ಇಷ್ಟೇ, ಮಕ್ಕಳನ್ನ ಓದಿಸಿ, ರಾಜಕೀಯಕ್ಕೆ ಬನ್ನಿ. ಮುಂದೆ 1907ರಲ್ಲಿ ಮಣಿಲಾಲ್ ಡಾಕ್ಟರ್ ಅನ್ನೋ ವಕೀಲರು ಬಂದು ಕೂಲಿಗಳ ಪರ ಕೋರ್ಟಿನಲ್ಲಿ ನಿಂತರು. ಪತ್ರಿಕೆ ಹೊರಡಿಸಿದರು. ಮಾರಿಷಸ್ 1968ರಲ್ಲಿ ಸ್ವತಂತ್ರ ಆದಾಗ ಆರಿಸಿಕೊಂಡ ದಿನ ಯಾವುದು ಗೊತ್ತಾ? ಮಾರ್ಚ್ 12. ಗಾಂಧೀಜಿ ದಂಡಿಗೆ ಹೆಜ್ಜೆ ಹಾಕಿದ ದಿನ. ಮೊದಲ ಪ್ರಧಾನಿಯಾದ ಸೀವುಸಾಗರ್ ರಾಮಗುಲಾಮ್, ಬಿಹಾರದಿಂದ ಬಂದ ಗಿರ್ಮಿಟಿಯಾ ಒಬ್ಬರ ಮಗ. ಅಪ್ಪ ಹದಿನಾರು ಮೆಟ್ಟಿಲು ಹತ್ತಿ ಬಂದ, ಮಗ ಅದೇ ಊರಿನಲ್ಲಿ ಬ್ರಿಟಿಷ್ ಬಾವುಟ ಇಳಿಸಿದ.

ಆದ್ರೆ ಈ ಕಥೆಯನ್ನ ಬರೀ 'ನಮ್ಮವರು ಗೆದ್ದರು' ಅಂತ ಹೇಳಿ ಮುಗಿಸಿದ್ರೆ ಅನ್ಯಾಯ ಆಗುತ್ತೆ. ನೈರುತ್ಯದ ತುದಿಯಲ್ಲಿ ಲ ಮೋರ್ನ್ ಅನ್ನೋ 556 ಮೀಟರ್ ಎತ್ತರದ ಒಂಟಿ ಬೆಟ್ಟ ಇದೆ. ಅದರ ಬುಡದಲ್ಲಿ ಇವತ್ತು ದುಬಾರಿ ರೆಸಾರ್ಟುಗಳು. ಒಂದು ಕಾಲದಲ್ಲಿ ತಪ್ಪಿಸಿಕೊಂಡು ಬಂದ ಗುಲಾಮರು ಆ ಕಡಿದಾದ ಬಂಡೆಯ ಮೇಲೆ, ಗುಹೆಗಳಲ್ಲಿ ಅಡಗಿರ್ತಿದ್ದರು. ಗುಲಾಮಗಿರಿ ರದ್ದಾದ ಸುದ್ದಿ ಹೇಳೋಕೆ ಪೊಲೀಸರು ಹತ್ತಿ ಹೋದಾಗ, ಹಿಡಿಯೋಕೆ ಬಂದರು ಅಂದ್ಕೊಂಡು ಅವರು ಮೇಲಿಂದ ಹಾರಿ ಪ್ರಾಣ ಬಿಟ್ಟರು ಅಂತ ಜನ ಹೇಳ್ತಾರೆ. ದಾಖಲೆಗಿಂತ ನಂಬಿಕೆಯಾಗಿ ಉಳಿದಿರೋ ಕಥೆ ಅದು. 2008ರಲ್ಲಿ ಅದೂ ಯುನೆಸ್ಕೋ ತಾಣ ಆಯ್ತು. ಗಿರ್ಮಿಟಿಯಾಗಳಿಗೆ ಕನಿಷ್ಠ ಒಂದು ನಂಬರ್, ಒಂದು ರಿಜಿಸ್ಟರ್ ಇದೆ. ಗುಲಾಮರ ಮಕ್ಕಳಿಗೆ ಎಷ್ಟೋ ಸಲ ಅದೂ ಇಲ್ಲ. ಅವರಿಗೆ ಉಳಿದಿದ್ದು ಸೇಗಾ. ಆಡಿನ ಚರ್ಮದ ರಾವಾನ್ ಅನ್ನೋ ತಮಟೆಯಂಥ ವಾದ್ಯ, ಅದನ್ನ ಬೆಂಕಿಗೆ ಹಿಡಿದು ಕಾಯಿಸಿ ಬಾರಿಸ್ತಾರೆ. ಹೋಟೆಲಿನಲ್ಲಿ ಊಟದ ಹೊತ್ತಿಗೆ ಬಣ್ಣದ ಲಂಗ ಹಾಕಿಕೊಂಡು ಕುಣಿಯೋದನ್ನ ನೋಡಿ ನಾವು ಚಪ್ಪಾಳೆ ತಟ್ಟುತ್ತೀವಿ. ಅದು ಹುಟ್ಟಿದ್ದು ದಿನವಿಡೀ ಕಬ್ಬು ಕಡಿದ ಗುಲಾಮರು ರಾತ್ರಿ ಬೆಂಕಿಯ ಸುತ್ತ ನೋವು ಹಾಡಿಕೊಂಡಾಗ.

ಇಷ್ಟೊಂದು ಗಾಯ ಇರೋ ಜಾಗದಲ್ಲಿ ಜನ ಒಟ್ಟಿಗೆ ಹೇಗೆ ಬದುಕ್ತಾರೆ? ಸುಲಭವಾಗಿ ಅಂತೂ ಅಲ್ಲ. ಅಲ್ಲಿನ ನೋಟು ತೆಗೆದು ನೋಡಿ. ಇಂಗ್ಲಿಷ್, ತಮಿಳು, ಹಿಂದಿ, ಈ ಕ್ರಮದಲ್ಲಿ ಅಕ್ಷರ ಇರುತ್ತೆ. 1998ರಲ್ಲಿ ಹೊಸ ನೋಟು ಮಾಡಿದಾಗ ಹಿಂದಿ ಮೇಲೆ, ತಮಿಳು ಕೆಳಗೆ ಬಂತು. ತಮಿಳು ಮೂಲದವರು ಬೀದಿಗಿಳಿದರು. ಕೊನೆಗೆ ನೋಟನ್ನೇ ವಾಪಸ್ ಪಡೆದು ಮತ್ತೆ ಅಚ್ಚು ಹಾಕಿದರು! ಭಾಷೆಯ ವಿಷಯ ಬಂದ್ರೆ ಜಗಳ ಎಲ್ಲಿದ್ದರೂ ಒಂದೇ. ಅವರು ಜಗಳ ಮುಗಿಸಿದ ರೀತಿ ಮಾತ್ರ ನೋಡಿ, ಯಾರ ತಲೆಯೂ ಒಡೆಯದೆ, ನೋಟು ಬದಲಾಯಿಸಿ.

ಅಲ್ಲಿ ಯುಗಾದಿಗೆ ಸರ್ಕಾರಿ ರಜೆ. ತೆಲುಗು ಮೂಲದವರ ಹಬ್ಬ ಅಂತ. ಮರಾಠಿ ಮೂಲದವರ ಗಣೇಶ ಚತುರ್ಥಿಗೆ ರಜೆ. ತಮಿಳರ ಕಾವಡಿಗೆ ರಜೆ. ಈದ್, ಕ್ರಿಸ್ಮಸ್, ಚೀನೀ ಹೊಸವರ್ಷ ಎಲ್ಲಕ್ಕೂ. ಫೆಬ್ರವರಿ 1 ಗುಲಾಮಗಿರಿ ರದ್ದಾದ ದಿನಕ್ಕೆ, ನವೆಂಬರ್ 2 ಗಿರ್ಮಿಟಿಯಾಗಳು ಬಂದ ದಿನಕ್ಕೂ ರಜೆ. ಶಿವರಾತ್ರಿಗೆ ಲಕ್ಷಾಂತರ ಜನ ಬಿಳಿ ಬಟ್ಟೆ ಉಟ್ಟು, ಹೆಗಲ ಮೇಲೆ ಕಾಂವರ್ ಹೊತ್ತು ಗಂಗಾ ತಲಾವ್ ಅನ್ನೋ ಬೆಟ್ಟದ ಮೇಲಿನ ಕೆರೆಗೆ ನಡೆದು ಹೋಗ್ತಾರೆ. ಆ ಕೆರೆ ಹಳೇ ಜ್ವಾಲಾಮುಖಿಯ ಬಾಯಿ. 1972ರಲ್ಲಿ ಗಂಗೆಯ ನೀರು ತಂದು ಅದಕ್ಕೆ ಬೆರೆಸಿದರು. ಗಂಗೆಗೆ ಹೋಗೋ ಶಕ್ತಿ ಇಲ್ಲದವರು ಗಂಗೆಯನ್ನೇ ಬೆಟ್ಟ ಹತ್ತಿಸಿದರು.

1961ರಲ್ಲಿ ಜೇಮ್ಸ್ ಮೀಡ್ ಅನ್ನೋ ಅರ್ಥಶಾಸ್ತ್ರಜ್ಞ, ಮುಂದೆ ನೊಬೆಲ್ ಪಡೆದವರು, ಈ ದೇಶಕ್ಕೆ ಭವಿಷ್ಯ ಕಷ್ಟ ಅಂದಿದ್ದರು. ಜನ ಜಾಸ್ತಿ, ಬೆಳೆ ಒಂದೇ, ಅದೂ ಸಕ್ಕರೆ. ಆ ಭವಿಷ್ಯ ಸುಳ್ಳಾಯ್ತು. ಬಟ್ಟೆ ಕಾರ್ಖಾನೆ ಬಂತು, ಬ್ಯಾಂಕ್ ಬಂತು, ಪ್ರವಾಸೋದ್ಯಮ ಬಂತು. ಇವತ್ತು ಅಲ್ಲಿನ ಜನಸಂಖ್ಯೆ ಸುಮಾರು 12.5 ಲಕ್ಷ. ಒಳ್ಳೇ ವರ್ಷದಲ್ಲಿ ಬರೋ ಪ್ರವಾಸಿಗರೂ ಅಷ್ಟೇ ಜನ. ಆದ್ರೆ ಆ ನೀಲಿ ನೀರು ಎಷ್ಟು ಸೂಕ್ಷ್ಮ ಅಂತ 2020ರ ಜುಲೈ 25ರಂದು ಗೊತ್ತಾಯ್ತು. ವಾಕಾಶಿಯೋ ಅನ್ನೋ ಸರಕು ಹಡಗು ಆಗ್ನೇಯದ ಹವಳದ ದಿಬ್ಬಕ್ಕೆ ಬಡಿಯಿತು. ಕೆಲ ದಿನದಲ್ಲಿ ಸುಮಾರು 1,000 ಟನ್ ಎಣ್ಣೆ ಸಮುದ್ರಕ್ಕೆ ಸೋರಿತು. ಆಗ ಜನ ಏನು ಮಾಡಿದರು? ಗದ್ದೆಗೆ ಹೋಗಿ ಕಬ್ಬಿನ ಒಣ ರವದಿ ತಂದರು. ಬಟ್ಟೆ ಚೀಲದಲ್ಲಿ ತುಂಬಿ, ಉದ್ದಕ್ಕೆ ಹೊಲಿದು, ಖಾಲಿ ಬಾಟಲಿ ಕಟ್ಟಿ ತೇಲಿಸಿ, ಎಣ್ಣೆ ಹರಡದ ಹಾಗೆ ಸಮುದ್ರಕ್ಕೇ ಬೇಲಿ ಹಾಕಿದರು. ಕೆಲವರು ತಲೆಗೂದಲು ಕತ್ತರಿಸಿ ಕೊಟ್ಟರು, ಕೂದಲು ಎಣ್ಣೆ ಹೀರುತ್ತೆ ಅಂತ. ಇಂಜಿನಿಯರ್ ಆಗಿ ಹೇಳ್ತೀನಿ, ಇದಕ್ಕಿಂತ ಒಳ್ಳೇ ಡಿಸೈನ್ ನಾನು ನೋಡಿಲ್ಲ. ಯಾವ ಕಬ್ಬಿಗೋಸ್ಕರ ಅವರ ಅಜ್ಜಂದಿರನ್ನ ಹಡಗಿನಲ್ಲಿ ತುಂಬಿ ತಂದರೋ, ಅದೇ ಕಬ್ಬಿನ ರವದಿ ಹಿಡಿದು ಮೊಮ್ಮಕ್ಕಳು ಸಮುದ್ರಕ್ಕಿಳಿದರು. ಅವರೆಲ್ಲ ಒಂದೇ ಜಾತಿ, ಒಂದೇ ಧರ್ಮದವರಾಗಿರಲಿಲ್ಲ.

ವಾಪಸ್ ಬಂದು ಮೊದಲ ಬುಲೆಟಿನ್ ಓದೋಕೆ ಕೂತೆ. ಉತ್ತರ ಕರ್ನಾಟಕದಿಂದ ಗುಳೆ ಹೊರಟ ಕುಟುಂಬಗಳ ಸುದ್ದಿ ಇತ್ತು. ಮೂವತ್ತು ಸೆಕೆಂಡ್‌ನ ಸುದ್ದಿ. ಮುಂಗಡ ಹಣ ಪಡೆದು ಕಬ್ಬು ಕಡಿಯೋಕೆ ಹೋದವರು, ಹಣ ತೀರಿಸೋ ತನಕ ಬರೋ ಹಾಗಿಲ್ಲ, ಮಕ್ಕಳ ಶಾಲೆ ಅರ್ಧಕ್ಕೆ ನಿಂತಿದೆ. ಇಂಥ ಸುದ್ದಿಯನ್ನ ನಾನು ವರ್ಷಕ್ಕೆ ಹತ್ತು ಸಲ ಓದಿದ್ದೀನಿ. ಓದಿ, 'ಈಗ ಒಂದು ಚಿಕ್ಕ ವಿರಾಮ' ಅಂದಿದ್ದೀನಿ. ಆವತ್ತು ಮಾತ್ರ ಆ ನಾಲ್ಕು ಪದ ಗಂಟಲಲ್ಲಿ ಸಿಕ್ಕಿಹಾಕಿಕೊಂಡವು. ಮುಂಗಡ, ಸಾಲ, ಕಬ್ಬು. ಗಿರ್ಮಿಟ್ ರದ್ದಾಗಿ ನೂರು ವರ್ಷ ದಾಟಿದೆ. ಪೂರ್ತಿ ರದ್ದಾಗಿದೆಯಾ? ಗಲ್ಫಿಗೆ ಹೋದ ನಮ್ಮ ಹುಡುಗರ ಪಾಸ್‌ಪೋರ್ಟ್ ಕಿತ್ತಿಟ್ಟುಕೊಂಡರು ಅನ್ನೋ ಸುದ್ದಿ ಬಂದಾಗ, ಅದು ಹಳೇ ಪಾಸ್ ಕಾನೂನಿನ ಮೊಮ್ಮಗ ಅಲ್ಲದೆ ಇನ್ನೇನು?

ಮಾರಿಷಸ್‌ಗೆ ಹೋಗಿ. ಖಂಡಿತ ಹೋಗಿ. ಆ ನೀಲಿ ನೀರಿನಲ್ಲಿ ಆಟ ಆಡಿ, ಶಾಮರೆಲ್‌ನ ಬಣ್ಣಬಣ್ಣದ ಮಣ್ಣು ನೋಡಿ, ಫೋಟೋ ಹಾಕಿ. ಆದ್ರೆ ಅರ್ಧ ದಿನ ಪೋರ್ಟ್ ಲೂಯಿಸ್‌ಗೆ ಕೊಡಿ. ಆ ಹದಿನಾರು ಮೆಟ್ಟಿಲ ಮುಂದೆ ಎರಡು ನಿಮಿಷ ನಿಲ್ಲಿ. ಆಮೇಲೆ ಹೊರಗೆ ಬಂದು ಒಂದು ಜೋಡಿ ದಾಲ್ ಪುರಿ ತಿನ್ನಿ. ಮಾರೋ ಅಮ್ಮ 'ಯಾವ ಊರು?' ಅಂತ ಕೇಳಿದ್ರೆ ನಿಮ್ಮ ಊರಿನ ಹೆಸರನ್ನ ಸ್ವಲ್ಪ ಜೋರಾಗಿ, ಬಿಡಿಸಿ ಹೇಳಿ. ಹೇಳಿಕೊಳ್ಳೋಕೆ ಒಂದು ಊರಿನ ಹೆಸರಿರೋದು ಎಷ್ಟು ದೊಡ್ಡ ಆಸ್ತಿ ಅಂತ ಅಲ್ಲಿ ಹೋದಾಗಲೇ ನನಗೆ ಗೊತ್ತಾಗಿದ್ದು.